ಹನ್ನೊಂದು ನಿಮಿಷದ ಬಡ್ತಿ

400 ಅಡಿಯ 16 ಎಂಎಂ ಸಿನಿಮಾ ರೀಲು ಓಡಿ ಮುಗಿಯಲು ಸುಮಾರು 11 ನಿಮಿಷ ಬೇಕು. 1940–50ರ ದಶಕದ ಅಮೆರಿಕದ ಬೋಧಪ್ರದ ಚಿತ್ರಗಳಲ್ಲಿ ಒಬ್ಬ ಹುಡುಗ ಕೆಲಸಕ್ಕೆ ಸೇರಿ, ಎಡವಿ, ಬೈಸಿಕೊಂಡು, ಬುದ್ಧಿ ಕಲಿತು ಮೇಲೇರಲು ಅಷ್ಟೇ ಹೊತ್ತು ಸಾಕು. ನಮಗೆ ಅಪ್ರೈಸಲ್ ಫಾರಂ ತುಂಬೋದಕ್ಕೇ ಅದಕ್ಕಿಂತ ಜಾಸ್ತಿ ಹಿಡಿಯುತ್ತೆ, ಅಲ್ವಾ?

ಶಾಲೆಗಳಿಗೆಂದು ಇಂಥವನ್ನು ರಾಶಿ ರಾಶಿ ತೆಗೆದದ್ದು ಕಾರೊನೆಟ್ ಕಂಪನಿ. ಅದರ ಯಜಮಾನ ಡೇವಿಡ್ ಸ್ಮಾರ್ಟ್, ‘ಎಸ್ಕ್ವೈರ್’ ಪತ್ರಿಕೆಯ ಪ್ರಕಾಶಕ. ಪತ್ರಿಕೆಯಲ್ಲಿ ಗಂಡಸರಿಗೆ ಚೆಲುವೆಯರ ಚಿತ್ರ, ಪರದೆಯ ಮೇಲೆ ಮಕ್ಕಳಿಗೆ ಶಿಸ್ತು. ವ್ಯಾಪಾರ ಅಂದ್ರೆ ಹಾಗೇ. ಈ ಚಿತ್ರಗಳಲ್ಲಿ ಕಾಣದ ಒಬ್ಬ ಗಂಡಸು ಸದಾ ಉಪದೇಶ ಮಾಡುತ್ತಿರುತ್ತಾನೆ. ಹೊತ್ತಿಗೆ ಸರಿಯಾಗಿ ಬಾ, ನೀಟಾಗಿ ಬಾ, ಮುಖ ಗಂಟು ಹಾಕಬೇಡ. ಎಡವೋದು ಯಾವಾಗಲೂ ಕೆಳಗಿನವನೇ.

ಅದಕ್ಕೇ ನನಗೆ 1940ರ ‘ಹೈರ್ಡ್!’ (ಅಂದ್ರೆ ‘ಕೆಲಸಕ್ಕೆ ತಗೊಂಡಾಯ್ತು!’) ಚಿತ್ರ ಇಷ್ಟ. ಷೆವರ್ಲೆ ಕಾರು ಮಾರುವ ಮ್ಯಾನೇಜರುಗಳಿಗೆಂದು ಡೆಟ್ರಾಯಿಟ್‌ನ ಜಾಮ್ ಹ್ಯಾಂಡಿ ಸಂಸ್ಥೆ ತೆಗೆದದ್ದು. (ಸಂಸ್ಥೆಯ ಯಜಮಾನ ಈ ಹ್ಯಾಂಡಿ 1904ರಲ್ಲಿ ಈಜಿ, 1924ರಲ್ಲಿ ವಾಟರ್ ಪೋಲೊ ಆಡಿ ಒಲಿಂಪಿಕ್ಸ್ ಕಂಚು ಗೆದ್ದವನು. ಮಧ್ಯೆ 20 ವರ್ಷ!) ಹೊಸ ಸೇಲ್ಸ್‌ಮನ್ ಬಾಗಿಲು ಬಾಗಿಲು ತಟ್ಟುತ್ತಾನೆ, ಕಾರು ಮಾತ್ರ ಮಾರಾಟವಾಗುವುದಿಲ್ಲ. ಮ್ಯಾನೇಜರು ಮನೆಗೆ ಬಂದು, ಈಗಿನ ಹುಡುಗರೇ ಸರಿಯಿಲ್ಲ ಎಂದು ವಯಸ್ಸಾದ ಅಪ್ಪನ ಮುಂದೆ ಗೊಣಗುತ್ತಾನೆ. ಅಪ್ಪ ಜಗಲಿಯಲ್ಲಿ ಕೂತಿದ್ದಾರೆ. ತಲೆ ಮೇಲೆ ಕರ್ಚೀಫು. ನಮಗೆ ಕಾಣದ ಯಾವುದೋ ಹುಳವನ್ನು ಎರಡೂ ಕೈಯಲ್ಲಿ ಓಡಿಸುತ್ತಲೇ ಮಗನಿಗೆ ಮೆತ್ತಗೆ ಚುಚ್ಚುತ್ತಾರೆ: ಆ ಹುಡುಗರನ್ನು ಕೆಲಸಕ್ಕೆ ತಗೊಂಡೆ ಸರಿ, ಕೆಲಸ ಕಲಿಸಿದವರು ಯಾರು? 1993ರಲ್ಲಿ ಅಮೆರಿಕದ ಒಂದು ಟಿವಿ ಹಾಸ್ಯ ಕಾರ್ಯಕ್ರಮ ಆ ಕೈಬೀಸುವಿಕೆಯನ್ನು ಚೆನ್ನಾಗಿ ಗೇಲಿ ಮಾಡಿತು. ನಕ್ಕಿದ್ದು ನ್ಯಾಯವೇ, ಆದರೆ ಇಡೀ ಚಿತ್ರದಲ್ಲಿ ಬುದ್ಧಿ ಇರೋದು ಆ ಕರ್ಚೀಫಿನ ಕೆಳಗೇ.

ಮ್ಯಾನೇಜರಿಗೆ ನಾಟುತ್ತದೆ. ಹುಡುಗರ ಜೊತೆ ತಾನೂ ಗಿರಾಕಿಗಳ ಮನೆಗೆ ಹೋಗಲು ಶುರುಮಾಡುತ್ತಾನೆ. ತಪ್ಪು ಮೇಲಿನವನದೂ ಇರಬಹುದು ಎಂದು ಹೇಳಿಸಲು ಷೆವರ್ಲೆ ಕಂಪನಿಯೇ ದುಡ್ಡು ಕೊಟ್ಟಿತ್ತು ನೋಡಿ!

ಈಗ ಇದು ಇಂಟರ್ನೆಟ್ ಆರ್ಕೈವ್ ಎಂಬ ಜಾಲತಾಣದಲ್ಲಿ ಪುಕ್ಕಟೆ ಸಿಗುತ್ತದೆ. ನಮ್ಮ ಆಫೀಸಿನ ಮುಂದಿನ ಟ್ರೇನಿಂಗಿನಲ್ಲಿ ಸುಮ್ನೆ ಒಂದ್ಸಲ ಹಾಕಿಸೋಣ ಅಂತ ಆಸೆ. ಆದರೆ ಕೇಳೋದು ಯಾರು? ಈ ವರ್ಷದ ಪ್ರಮೋಷನ್ ಲಿಸ್ಟು ಇನ್ನೂ ಹೊರಬಿದ್ದಿಲ್ಲ.