ಹಳೆ ಸರ್ವರಿನ ಕಾಲ್ನಡಿಗೆ

ಅಳಿಯ ರಜೆಗೆಂದು ಕೇರಳದ ಕಾಸರಗೋಡಿನ ನಮ್ಮ ಪೆರ್ಲಕ್ಕೆ ಬಂದಿದ್ದಾನೆ. ಬಂದ ದಿನದಿಂದ ಚಾವಡಿಯ ಮೂಲೆಯಲ್ಲಿ ಕೂತು ನಡೆಯುತ್ತಿದ್ದಾನೆ. ಅವನಲ್ಲ, ಲ್ಯಾಪ್‌ಟಾಪಿನೊಳಗಿನ ಅವನ ಸೈನಿಕ. ಆಟದ ಹೆಸರು 'ವರ್ಲ್ಡ್ ಆಫ್ ವಾರ್‌ಕ್ರಾಫ್ಟ್ ಕ್ಲಾಸಿಕ್'. 2004ರ ಆಟವನ್ನು 2019ರಲ್ಲಿ ಮತ್ತೆ ಹಳತು ಮಾಡಿ ಬಿಟ್ಟದ್ದು. ಕುದುರೆ ಸಿಗಬೇಕಾದರೆ 40ನೇ ಲೆವೆಲ್ ಮುಟ್ಟಬೇಕು. ಅರ್ಧ ಕಿಲೋ ಬೆಲ್ಲ ತಾ ಎಂದರೆ ಬೈಕಿನ ಕೀ ಹುಡುಕುವ ಹುಡುಗ, ಇಲ್ಲಿ ತಿಂಗಳ ಚಂದಾ ಕೊಟ್ಟು ನಡೆಯುತ್ತಾನೆ!

ಹೊಸ ಆವೃತ್ತಿಯಲ್ಲಿ ಕುದುರೆ ಬೇಗ ಸಿಗುವುದಿಲ್ಲವೇ ಎಂದು ಕೇಳಿದೆ. "ಸಿಕ್ಕುತ್ತು ಮಾವ. ಅದಕ್ಕೇ ಗಮ್ಮತ್ತಿಲ್ಲೆ" ಎಂದ.

ಆಟ ಬಿಡುಗಡೆಯಾದ ವಾರ ಸರ್ವರಿನೊಳಗೆ ಹೋಗಲು ಕ್ಯೂ. ಒಳಗೆ ಹೋದರೆ ಒಂದೇ ರಾಕ್ಷಸನನ್ನು ಕೊಲ್ಲಲು ಇನ್ನೊಂದು ಕ್ಯೂ. ಖಡ್ಗ ಹಿಡಿದ ವೀರರೆಲ್ಲ ಸಾಲಾಗಿ, ಯಾರೂ ನುಗ್ಗದೆ ನಿಂತಿದ್ದರಂತೆ. ನಮ್ಮ ರೇಷನ್ ಅಂಗಡಿಯ ಮುಂದೆ ಅಷ್ಟು ಶಿಸ್ತು ಕಂಡವರಿದ್ದರೆ ಹೇಳಿ.

ಈ ಆಟದ ಕಂಪನಿಯೇ 2013ರಲ್ಲಿ, ಹಳತು ಬೇಕೆಂದ ಅಭಿಮಾನಿಗೆ ವೇದಿಕೆಯಿಂದಲೇ ಉತ್ತರ ಕೊಟ್ಟಿತ್ತು: ಬೇಕು ಅನ್ನುವುದು ನಿಮ್ಮ ಭ್ರಮೆ. 2016ರಲ್ಲಿ ಅಭಿಮಾನಿಗಳೇ ನಡೆಸುತ್ತಿದ್ದ ಹಳೆ ಸರ್ವರನ್ನು ಮುಚ್ಚಿಸಿತು. 2017ರಲ್ಲಿ ಅದೇ ಭ್ರಮೆಯನ್ನು ತಾನೇ ಮಾರುವುದಾಗಿ ಘೋಷಿಸಿತು. ಎಂಥ ಜ್ಞಾನೋದಯ! 'ರೂನ್‌ಸ್ಕೇಪ್' ಎಂಬ ಇನ್ನೊಂದು ಆಟದವರು ಇನ್ನೂ ಮುಂದೆ. 2007ರ ಬ್ಯಾಕಪ್ ಒಂದು ಸಿಕ್ಕಿತೆಂದು 2013ರಲ್ಲಿ ಆಟಗಾರರ ಮತ ಕೇಳಿ, ಹಳೆ ಆಟವನ್ನು ಎಬ್ಬಿಸಿ ಕೂರಿಸಿದರು.

ಬ್ಯಾಕಪ್ ನಮ್ಮಲ್ಲೂ ಇದೆ, ರಾಜ್ಯಗಳ ಗಡಿ ಕುರಿತ 1967ರ ಮಹಾಜನ ವರದಿ. ಚಂದ್ರಗಿರಿ ಹೊಳೆಯ ಬಡಗು ದಿಕ್ಕಿನದೆಲ್ಲ ಕರ್ನಾಟಕಕ್ಕೆ ಎಂದು ಬರೆದದ್ದು. ಅದನ್ನು ಸರ್ವರಿಗೆ ಏರಿಸಿ ಎಂದು ಕೂಗಿ ಕೂಗಿ ಗಂಟಲು ಹೋದವರಲ್ಲಿ ಹೆಚ್ಚಿನವರು ಈಗಿಲ್ಲ. ಇರಲಿ. ನಕ್ಷೆ ಯಾರಿಗೆ ಬೇಕು ಈಗ? ಮೊನ್ನೆ ನಾನು ಕೇಳಿದ್ದು ಒಂದು ಫಾರಂ, ಕನ್ನಡದ್ದು. ಕೌಂಟರಿನ ಹುಡುಗ ತಲೆ ಎತ್ತಲಿಲ್ಲ. "ಮಲಯಾಳ ಬರ್ತದಲ್ಲ, ಮತ್ತೆ ಕನ್ನಡದ್ದು ಯಾಕೆ?"

ಬೇಕು ಅನ್ನುವುದು ನಿಮ್ಮ ಭ್ರಮೆ. ಆ ಕಂಪನಿಯಾದರೂ ನಾಲ್ಕೇ ವರ್ಷಕ್ಕೆ ಬಗ್ಗಿತು, ಚಂದಾ ಬರುತ್ತದಲ್ಲ. ನಾವೂ ಕೇರಳಕ್ಕೆ ಸೇರಿದ 1956ರಿಂದ ತೆರಿಗೆ ಕಟ್ಟುತ್ತಿದ್ದೇವೆ ಸ್ವಾಮಿ. ಸಾಕಾಗಿದೆ. ನನ್ನ ಹಿಂದೆ ನಿಂತಿದ್ದ ಅಜ್ಜಿ ಫಾರಂ ತಿರುಗಿಸಿ ನೋಡಿ, ಹೆಬ್ಬೆಟ್ಟು ಎಲ್ಲಿ ಒತ್ತಬೇಕು ಎಂದು ನನ್ನನ್ನೇ ಕೇಳಿದರು. ಅವರಿಗೆ ಕನ್ನಡದಲ್ಲಿ ಸಹಿ ಹಾಕಲು ಬರುತ್ತದೆ.