ವಾಲ್ಟರ್ ಟಲ್: ಎಂಬತ್ತು ಶಿಲ್ಲಿಂಗಿನಿಂದ ಏಳಕ್ಕೆ

ವಾಲ್ಟರ್ ಟಲ್ ಯುದ್ಧದಲ್ಲಿ ಮಡಿದ ದಿನವಾದ ಮಾರ್ಚ್ 25 ಹತ್ತಿರ ಬಂತೆಂದರೆ ಅವರ ಅದೇ ಹಳೇ ಫೋಟೊ ಹರಿದಾಡತೊಡಗುತ್ತದೆ. ಕೆಳಗೆ ಎರಡು ಬಿರುದು ಖಾಯಂ: ಇಂಗ್ಲೆಂಡಿನ ಮೊದಲ ಕಪ್ಪು ವೃತ್ತಿಪರ ಫುಟ್‌ಬಾಲ್ ಆಟಗಾರ, ಬ್ರಿಟಿಷ್ ಸೇನೆಯ ಮೊದಲ ಕಪ್ಪು ಅಧಿಕಾರಿ. ಎರಡೂ ತಪ್ಪು. ಆಫ್ರಿಕಾದ ಅಕ್ರಾದಲ್ಲಿ ಹುಟ್ಟಿದ ಗೋಲ್‌ಕೀಪರ್ ಆರ್ಥರ್ ವಾರ್ಟನ್ ಇವರಿಗಿಂತ ಇಪ್ಪತ್ತು ವರ್ಷ ಮುಂಚೆಯೇ ದುಡ್ಡಿಗೆ ಆಡಿದ್ದರು. ಜಮೈಕಾ ಮೂಲದ ಜಾರ್ಜ್ ಬೆಮಂಡ್ 1915ರಲ್ಲೇ ಫಿರಂಗಿ ದಳದ ಅಧಿಕಾರಿಯಾಗಿದ್ದರು. ‘ಮೊದಲಿಗ’ ಎಂಬ ಪಟ್ಟಿ ಅಂಟಿಸಿಬಿಟ್ಟರೆ ಆ ಮನುಷ್ಯ ಹೊಟ್ಟೆಪಾಡಿಗೆ ಏನು ಮಾಡುತ್ತಿದ್ದ, ಎಷ್ಟು ಚೆನ್ನಾಗಿ ಮಾಡುತ್ತಿದ್ದ ಅಂತ ಯಾರೂ ಕೇಳುವುದಿಲ್ಲ. ನನ್ನ ತಕರಾರು ಅದೇ.

ಟಲ್ ಹುಟ್ಟಿದ್ದು 1888ರಲ್ಲಿ, ಇಂಗ್ಲೆಂಡಿನ ಫೋಕ್‌ಸ್ಟೋನ್‌ನಲ್ಲಿ. ಅಪ್ಪ ಬಾರ್ಬಡೋಸ್‌ನಿಂದ ಬಂದ ಬಡಗಿ, ಅಮ್ಮ ಕೆಂಟ್ ಕಡೆಯವರು. ಇಬ್ಬರೂ ಬೇಗ ತೀರಿಕೊಂಡು, ಹುಡುಗ ಅಣ್ಣ ಎಡ್ವರ್ಡ್ ಜೊತೆ ಲಂಡನ್ನಿನ ಅನಾಥಾಶ್ರಮ ಸೇರಿದ. ಮುಂದೆ ಗ್ಲಾಸ್ಗೋದ ಕುಟುಂಬವೊಂದು ದತ್ತು ತೆಗೆದುಕೊಂಡ ಎಡ್ವರ್ಡ್ ದಂತವೈದ್ಯರಾದರು. ವಾಲ್ಟರ್ ಕ್ಲಾಪ್ಟನ್ ಎಂಬ ಹವ್ಯಾಸಿ ತಂಡದಲ್ಲಿ ಮಿಂಚಿ, 1909ರಲ್ಲಿ ಟಾಟನ್‌ಹ್ಯಾಮ್ ಹಾಟ್‌ಸ್ಪರ್ ಸೇರಿದರು.

ಆಗಿನ ವ್ಯವಹಾರ ಹೀಗಿತ್ತು. ಸಹಿ ಹಾಕಿದ್ದಕ್ಕೆ 10 ಪೌಂಡ್, ವಾರಕ್ಕೆ 4 ಪೌಂಡ್, ಅಂದರೆ 80 ಶಿಲ್ಲಿಂಗ್. ಇದು ಕ್ಲಬ್ಬಿನ ಜಿಪುಣತನವಲ್ಲ, ನಿಯಮವೇ ಅಷ್ಟು. ಆಟಗಾರ ಎಂಥ ಗಟ್ಟಿಗನಾದರೂ ಅದರ ಮೇಲೆ ಕೊಡುವಂತಿಲ್ಲ. ಕುಶಲ ಕಾರ್ಮಿಕನ ಕೂಲಿಗೆ ಹೋಲಿಸಿದರೆ ಒಳ್ಳೆಯ ದುಡ್ಡೇ. ಆದರೆ ಜೊತೆಗೊಂದು ಕೊಕ್ಕೆ ಇತ್ತು. ಒಪ್ಪಂದ ಒಂದು ಋತುವಿನದ್ದು, ನೋಂದಣಿ ಮಾತ್ರ ಕ್ಲಬ್ಬಿನ ಕೈಯಲ್ಲಿ. ಋತು ಮುಗಿದ ಮೇಲೆ ಕ್ಲಬ್ ‘ಉಳಿಸಿಕೊಂಡಿದ್ದೇವೆ’ ಎಂದರೆ ಮುಗಿಯಿತು, ಬೇರೆ ಕಡೆ ಆಡುವಂತಿಲ್ಲ. ಕಿಂಗಬಿ ಎಂಬ ಆಟಗಾರ ಇದರ ವಿರುದ್ಧ ಕೋರ್ಟಿಗೆ ಹೋಗಿ 1912ರಲ್ಲಿ ಸೋತರು.

ಇನ್ನು ಆಟ. 1909ರಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ವಿರುದ್ಧದ ಪಂದ್ಯ ನೋಡಿದ ಪತ್ರಕರ್ತರೊಬ್ಬರು ಟಲ್ ಅವರಲ್ಲಿ ಮೂರು ಗುಣ ಗುರುತಿಸಿದ್ದರು: ತಣ್ಣನೆಯ ತಲೆ, ಪಾಸ್ ಕೊಡುವ ಮುನ್ನ ಕ್ಷಣದ ಒಂದು ಚೂರು ಕಾಯುವುದು, ಪಾಸ್‌ಗೆ ಬೇಕಾದಷ್ಟೇ ಬಲ. ಇದನ್ನು ಬರೀ ಹೊಗಳಿಕೆ ಅಂದುಕೊಂಡರೆ ವಿಷಯ ತಪ್ಪಿಹೋಗುತ್ತದೆ. ಆಗಿನ ಆಫ್‌ಸೈಡ್ ನಿಯಮದಲ್ಲಿ ಚೆಂಡು ಪಡೆಯುವವನಿಗೂ ಗೋಲಿಗೂ ನಡುವೆ ಎದುರಾಳಿಗಳು ಮೂವರಿರಬೇಕು. ಇಬ್ಬರಿದ್ದರೆ ಸಾಕು ಅಂತಾದದ್ದು 1925ರಲ್ಲಿ. ಅಂದರೆ ರಕ್ಷಣೆಗೆ ಹಿಂದೆ ನಿಲ್ಲುವ ಒಬ್ಬ ಬ್ಯಾಕ್ ಎರಡು ಹೆಜ್ಜೆ ಮುಂದೆ ಬಂದರೂ ಗೋಲಿಗೆ ನುಗ್ಗುವ ಫಾರ್ವರ್ಡ್ ಸಿಕ್ಕಿಬಿದ್ದ. ಪಾಸ್ ಬೇಗ ಕೊಟ್ಟರೆ ಬ್ಯಾಕ್ ಇನ್ನೂ ತನ್ನ ಜಾಗದಲ್ಲೇ ಇದ್ದು ಕತ್ತರಿಸುತ್ತಾನೆ. ತಡವಾದರೆ ಆಫ್‌ಸೈಡ್. ಬ್ಯಾಕ್ ತಪ್ಪು ಕಡೆ ಕಾಲಿಟ್ಟ ಆ ಒಂದು ಗಳಿಗೆಯಲ್ಲೇ ಚೆಂಡು ಹೊರಡಬೇಕು. ಬಲದ ಲೆಕ್ಕವೂ ಸುಲಭದ್ದಲ್ಲ. ತೊಗಲಿನ ಚೆಂಡು, ಒಳಗೆ ರಬ್ಬರ್ ಬ್ಲ್ಯಾಡರ್, ಮೇಲೆ ಲೇಸಿನ ಹೊಲಿಗೆ. ಆಟ ಶುರುವಾಗುವಾಗ 13ರಿಂದ 15 ಔನ್ಸ್ ಇರಬೇಕು ಎಂಬುದು ನಿಯಮ. ಮಳೆ ಬಂದರೆ ತೊಗಲು ನೀರು ಕುಡಿದು ಭಾರವಾಗುತ್ತಾ ಹೋಗುತ್ತದೆ. ಮೊದಲರ್ಧದಲ್ಲಿ ಕಾಲಿಗೆ ಸಿಕ್ಕ ಅಂದಾಜು ಎರಡನೆಯದರಲ್ಲಿ ಉಪಯೋಗಕ್ಕೆ ಬರುವುದಿಲ್ಲ.

ಅದೇ ವರ್ಷ ಅಕ್ಟೋಬರಿನಲ್ಲಿ ಬ್ರಿಸ್ಟಲ್‌ನಲ್ಲಿ ಪ್ರೇಕ್ಷಕರ ಒಂದು ಗುಂಪು ಮೈಬಣ್ಣ ಹಿಡಿದು ಹೊಲಸು ಬೈದಿತು. ಮೈದಾನದಲ್ಲಿದ್ದ ಫಾರ್ವರ್ಡ್‌ಗಳಲ್ಲಿ ಟಲ್ ಅವರೇ ಮೇಲು ಅಂತ ಪತ್ರಿಕೆಯಲ್ಲಿ ಬಂತು. ಅಷ್ಟಾದರೂ ಟಾಟನ್‌ಹ್ಯಾಮ್‌ನ ಮೊದಲ ತಂಡಕ್ಕೆ ಅವರು ಆಡಿದ ಲೀಗ್ ಪಂದ್ಯ ಹತ್ತೇ.

1911ರಲ್ಲಿ ನಾರ್ಥಾಂಪ್ಟನ್ ಟೌನ್‌ಗೆ ಕರೆದುಕೊಂಡವರು ಹರ್ಬರ್ಟ್ ಚಾಪ್‌ಮನ್, ಮುಂದೆ ಆರ್ಸೆನಲ್ ತಂಡವನ್ನು ಎತ್ತರಕ್ಕೆ ಬೆಳೆಸಿದವರು. ಅವರು ಟಲ್ ಅವರನ್ನು ಹಾಫ್‌ಬ್ಯಾಕ್ ಜಾಗಕ್ಕೆ ಇಳಿಸಿದ್ದು ನನ್ನ ಪ್ರಕಾರ ಇಡೀ ಕಥೆಯಲ್ಲೇ ಜಾಣ ನಿರ್ಧಾರ. ಎರಡು ಬ್ಯಾಕ್, ಮೂರು ಹಾಫ್‌ಬ್ಯಾಕ್, ಐದು ಫಾರ್ವರ್ಡ್ ಇದ್ದ ಆಟದಲ್ಲಿ ಎದುರಾಳಿಯಿಂದ ಕಿತ್ತ ಚೆಂಡನ್ನು ಹಂಚುವವನು ಹಾಫ್‌ಬ್ಯಾಕ್. ಕಾದು ಕೊಡುವ ಕಾಲಿಗೆ ಹೇಳಿ ಮಾಡಿಸಿದ ಜಾಗ. ನಾರ್ಥಾಂಪ್ಟನ್ ಪರ ನೂರಕ್ಕೂ ಹೆಚ್ಚು ಪಂದ್ಯ ಆಡಿದರು.

1914ರಲ್ಲಿ ಯುದ್ಧ ಶುರುವಾದಾಗ ವಯಸ್ಸು 26. ಹಾಫ್‌ಬ್ಯಾಕ್‌ಗೆ ಅನುಭವವೂ ಶಕ್ತಿಯೂ ಒಟ್ಟಿಗೆ ಕೂಡಿಬರುವ ಕಾಲ.

ಸೇನೆ ಸೇರದ ಆಟಗಾರರನ್ನು ಪತ್ರಿಕೆಗಳು ಹೇಡಿಗಳೆಂದು ಜರಿದವು. 1915ರ ಮಾರ್ಚ್ ಹೊತ್ತಿಗೆ ಸುಮಾರು 1,800 ವೃತ್ತಿಪರರಲ್ಲಿ ಆಟಗಾರರಿಗೆಂದೇ ಕಟ್ಟಿದ ಫುಟ್‌ಬಾಲ್ ಪಡೆಗೆ ಸೇರಿದವರು 122 ಜನ ಅಂತ ಅದರ ಕಮಾಂಡರೇ ಗೊಣಗಿದ್ದರು. ನನಗೆ ಆ ಜರಿತ ಅನ್ಯಾಯವೆನಿಸುತ್ತದೆ. ಋತು ಮುಗಿಯುವ ತನಕ ಆಟಗಾರ ಒಪ್ಪಂದಕ್ಕೆ ಕಟ್ಟುಬಿದ್ದವನು. ವಾರಕ್ಕೆ 80 ಶಿಲ್ಲಿಂಗ್ ಬರುತ್ತಿದ್ದವನಿಗೆ ಕಾಲಾಳು ಸಿಪಾಯಿಯ ಮೂಲ ಸಂಬಳ ದಿನಕ್ಕೆ ಒಂದು ಶಿಲ್ಲಿಂಗ್, ಅಂದರೆ ವಾರಕ್ಕೆ ಏಳು. ಟಲ್ 1914ರ ಡಿಸೆಂಬರಿನಲ್ಲೇ ಸೇರಿದರು, 17ನೇ ಮಿಡ್ಲ್‌ಸೆಕ್ಸ್ ಎಂಬ ಅದೇ ಫುಟ್‌ಬಾಲ್ ಪಡೆಗೆ. ಅದು ಫುಲ್ಹಮ್ ಟೌನ್ ಹಾಲ್‌ನಲ್ಲಿ ಶುರುವಾಗಿ ವಾರವೂ ಸರಿಯಾಗಿ ಕಳೆದಿರಲಿಲ್ಲ. ತರಬೇತಿ ನಡೆಯುವಾಗ ಶನಿವಾರ ಕ್ಲಬ್ ಪರ ಆಡಲು ರಜೆ ಕೊಡುತ್ತಿದ್ದರು. ಆ ಋತು ಮುಗಿದ ಮೇಲೆ ಆಟಗಾರರಿಗೆ ಸಂಬಳ ಕೊಡುವುದನ್ನೇ ನಿಷೇಧಿಸಲಾಯಿತು. ಸೇರದೆ ಉಳಿದವರ ಕಸುಬೂ ಹೋಯಿತು.

1915ರ ನವೆಂಬರಿನಲ್ಲಿ ಫ್ರಾನ್ಸ್. ಮರುವರ್ಷ ಮೇ ತಿಂಗಳಲ್ಲಿ ಶೆಲ್ ದಾಳಿಯ ಆಘಾತಕ್ಕೆ ಮನಸ್ಸು ಕೆಟ್ಟು ಇಂಗ್ಲೆಂಡಿನ ಆಸ್ಪತ್ರೆಗೆ. ಸೆಪ್ಟೆಂಬರಿನಲ್ಲಿ ಮತ್ತೆ ಫ್ರಾನ್ಸ್, ಸೋಮ್ ಕದನದ ಕೊನೆಯ ಹಂತ. ಡಿಸೆಂಬರಿನಲ್ಲಿ ಟ್ರೆಂಚ್ ಜ್ವರ. ಇದು ಬಟ್ಟೆಯ ಹೇನಿನಿಂದ ಹರಡುವ ಕಾಯಿಲೆ. ಜ್ವರ ಬಿಟ್ಟು ಬಿಟ್ಟು ಮರಳುತ್ತದೆ, ಮೊಣಕಾಲಿನ ಕೆಳಗಿನ ಮುಂಗಾಲ ಮೂಳೆ ಮುಟ್ಟಲಾಗದಷ್ಟು ನೋಯುತ್ತದೆ. ಕಾಲನ್ನೇ ನಂಬಿದವನಿಗೆ ಎಂಥ ರೋಗ ನೋಡಿ.

ಗುಣವಾದ ಮೇಲೆ ಸ್ಕಾಟ್ಲೆಂಡಿನ ಗೇಲ್ಸ್‌ನಲ್ಲಿ ಅಧಿಕಾರಿ ತರಬೇತಿಗೆ ಕಳಿಸಿದರು. ಕಪ್ಪು ಜನ ಆಜ್ಞೆ ಕೊಡುವ ಸ್ಥಾನದಲ್ಲಿರಬಾರದು ಎಂಬ ಅರ್ಥದ ಸಾಲು ಸೇನೆಯ ಕಾನೂನು ಕೈಪಿಡಿಯಲ್ಲಿತ್ತು. ಆದರೂ 1917ರ ಮೇನಲ್ಲಿ ಸೆಕೆಂಡ್ ಲೆಫ್ಟಿನೆಂಟ್ ಆದರು. ಇಟಲಿಯ ಪಿಯಾವೆ ನದಿಯನ್ನು ರಾತ್ರಿ ದಾಟಿ 26 ಜನರ ತುಕಡಿಯೊಂದಿಗೆ ದಾಳಿ ಮಾಡಿ, ಎಲ್ಲರನ್ನೂ ಸುರಕ್ಷಿತವಾಗಿ ವಾಪಸು ಕರೆತಂದರು. ಮೇಜರ್ ಜನರಲ್ ಲಾಫರ್ಡ್ ಮೆಚ್ಚಿ ಬರೆದದ್ದು ಅವರ ಧೈರ್ಯವನ್ನು, ತಣ್ಣನೆಯ ತಲೆಯನ್ನು. ಒಂಬತ್ತು ವರ್ಷದ ಹಿಂದೆ ಆ ಪತ್ರಕರ್ತ ಕಂಡದ್ದೂ ಅದನ್ನೇ. ಮಿಲಿಟರಿ ಕ್ರಾಸ್‌ಗೆ ಶಿಫಾರಸಾಗಿತ್ತು ಅಂತ ಅಣ್ಣನಿಗೆ ಬಂದ ಪತ್ರದಲ್ಲಿದೆ. ಪದಕವಂತೂ ಸಿಗಲಿಲ್ಲ.

1918ರ ಮಾರ್ಚ್ 21ರಂದು ಜರ್ಮನರ ದೊಡ್ಡ ದಾಳಿ ಶುರುವಾಯಿತು. 25ರಂದು ಫ್ರಾನ್ಸಿನ ಫಾವ್ರೈ ಹತ್ತಿರ ಹಿಮ್ಮೆಟ್ಟುವಾಗ ಟಲ್‌ಗೆ ಗುಂಡು ತಗುಲಿತು. ವಯಸ್ಸು 29. ಅವರನ್ನು ಎಳೆದು ತರಲು ನೋಡಿದವರು ಬಿಲಿಂಗ್‌ಹ್ಯಾಮ್ ಎಂಬ ಸಿಪಾಯಿ, ಹಿಂದೆ ಲೆಸ್ಟರ್ ಫಾಸ್ ತಂಡದ ಗೋಲ್‌ಕೀಪರ್. ಜರ್ಮನರು ತೀರಾ ಹತ್ತಿರ ಬಂದಿದ್ದರಿಂದ ಅಲ್ಲೇ ಬಿಟ್ಟು ಬರಬೇಕಾಯಿತು. ದೇಹ ಸಿಗಲಿಲ್ಲ, ಸಮಾಧಿ ಇಲ್ಲ. ಅರಾಸ್ ಸ್ಮಾರಕದ ಗೋಡೆಯಲ್ಲಿ ಹೆಸರಿದೆ.