ಆಡಿದ ಮಾತು ಹಿಡಿಯುವ ಪೆಟ್ಟಿಗೆ

ಮಾತು ಆಡಿದರೆ ಹೋಯ್ತು, ಮುತ್ತು ಒಡೆದರೆ ಹೋಯ್ತು ಅಂತ ಗಾದೆ. ಎಷ್ಟು ಹೊತ್ತಿಗೆ ಹೋಯ್ತು ಎಂಬ ಲೆಕ್ಕ ಅದರಲ್ಲಿಲ್ಲ. ಹತ್ತಡಿ ಹನ್ನೆರಡಡಿಯ ಕೋಣೆ; ಅದರಲ್ಲಿ ಹಾಸಿಗೆ, ಪರದೆ, ಬಾಗಿಲ ಹಿಂದಿನ ಮೊಳೆಗೆ ನೇತುಬಿದ್ದ ಬಟ್ಟೆಗಳ ಗುಡ್ಡ ಇದ್ದರೆ ಸುಮಾರು ಅರ್ಧ ಸೆಕೆಂಡು. ಅಷ್ಟರಲ್ಲಿ ಮಾತು ಹತ್ತಿಯೊಳಗೆ ಹೊಕ್ಕು, ಒಂಚೂರು ಬಿಸಿಯಾಗಿ ಕರಗಿಹೋಗಿರುತ್ತದೆ. ‘ಹಾಲು ತನ್ನಿ ಅಂದಿದ್ದೆ’, ‘ನೀನು ಹೇಳೇ ಇಲ್ಲ’ ಎಂಬ ವ್ಯಾಜ್ಯಕ್ಕೆ ಸಾಕ್ಷಿಯೇ ಸಿಗದಿರುವುದು ಇದರಿಂದ. ಆ ಸಾಕ್ಷಿಯನ್ನು ಹಿಡಿದಿಡುವ ಪೆಟ್ಟಿಗೆಯನ್ನು ಮನೆಯಲ್ಲೇ ಮಾಡಿಕೊಳ್ಳಬಹುದೇ?

ಬಟ್ಟೆಯ ಈ ಗುಣವನ್ನು ಅಳೆದು ನೋಡಿದವನು ಅಮೆರಿಕದ ಭೌತವಿಜ್ಞಾನಿ ವ್ಯಾಲೇಸ್ ಸೇಬಿನ್. 1895ರ ಹೊತ್ತಿಗೆ ಹಾರ್ವರ್ಡ್ ವಿಶ್ವವಿದ್ಯಾಲಯದ ಒಂದು ಉಪನ್ಯಾಸ ಕೊಠಡಿಯಲ್ಲಿ ಆಡಿದ ಮಾತು ಐದು ಸೆಕೆಂಡು ದಾಟಿದರೂ ಸಾಯುತ್ತಿರಲಿಲ್ಲ. ಈತ ಪಕ್ಕದ ರಂಗಮಂದಿರದ ಮೆತ್ತೆಗಳನ್ನು ರಾತ್ರಿ ಹೊತ್ತು ತಂದು, ಹರಡಿ, ಅಳೆದು, ಬೆಳಗಾಗುವುದರೊಳಗೆ ವಾಪಸು ಇಡುತ್ತಿದ್ದ. ನಮ್ಮಲ್ಲಿ ಆ ಕೆಲಸವನ್ನು ಬಾಗಿಲ ಹಿಂದಿನ ಮೊಳೆ ಸಂಬಳವಿಲ್ಲದೆ ಮಾಡುತ್ತಿದೆ.

ಹಾಗಾಗಿ ನಿನ್ನೆಯ ಮಾತನ್ನು ಗೋಡೆಯಿಂದ ಹೀರಿ ತೆಗೆಯುವ ಯಂತ್ರ ಕನಸಿನದು. ವಿಜಯಪುರದ ಗೋಳಗುಮ್ಮಟದಲ್ಲಿ ಒಂದು ಕೂಗು ಏಳು ಸಲಕ್ಕೂ ಮಿಕ್ಕಿ ಮರಳುತ್ತದೆ, ನಿಜ. ಆದರೆ ಅಲ್ಲಿಗೆ ಹೋದವರೆಲ್ಲ ‘ಓ’ ಅಂತ ತಾನೇ ಕೂಗುವುದು! ಅದನ್ನು ಹಿಡಿದು ಯಾವ ವ್ಯಾಜ್ಯ ತೀರಿಸುವುದು?

ಮನೆಮಟ್ಟಿಗೆ ಆಗುವುದು ಇಷ್ಟು: ಸದಾ ಕಿವಿ ತೆರೆದುಕೊಂಡು, ಕಡೆಯ ಐದು ಸೆಕೆಂಡನ್ನು ಮಾತ್ರ ನೆನಪಿಟ್ಟುಕೊಳ್ಳುವ ಪೆಟ್ಟಿಗೆ. ಅಟ್ಟದ ಮೇಲಿನ ಹಳೇ ಟೇಪ್‌ರೆಕಾರ್ಡರ್ ಸಾಕು. ಕ್ಯಾಸೆಟ್ಟಿನ ಟೇಪು ಸೆಕೆಂಡಿಗೆ 4.76 ಸೆಂ.ಮೀ. ಓಡುತ್ತದೆ, ಅಂದರೆ ಐದು ಸೆಕೆಂಡಿಗೆ ಹೆಚ್ಚುಕಡಿಮೆ 24 ಸೆಂ.ಮೀ. ಸ್ಕ್ರೂ ಇರುವ ಕ್ಯಾಸೆಟ್ ಬಿಚ್ಚಿ, ಅಷ್ಟು ಟೇಪನ್ನು ಓರೆಯಾಗಿ ಕತ್ತರಿಸಿ, ತುದಿಗಳನ್ನು ಒಂದರ ಮೇಲೊಂದು ಹತ್ತಿಸದೆ ಎದುರುಬದುರು ಕೂಡಿಸಿ, ದನಿಯನ್ನು ಬರೆದು ಓದುವ ಹೆಡ್ಡಿಗೆ ತಾಗದ ಬದಿಗೆ ಟೇಪು ಕೂಡಿಸುವ ಪಟ್ಟಿ ಅಂಟಿಸಿ ಉಂಗುರ ಮಾಡಿ. ಅದನ್ನು ಕ್ಯಾಸೆಟ್ಟಿನೊಳಗೇ ಕೂರಿಸಿ ರೆಕಾರ್ಡ್ ಗುಂಡಿ ಒತ್ತಿದರೆ, ಪ್ರತಿ ಸುತ್ತಿಗೂ ಹಳೆಯದು ಅಳಿದು ಹೊಸದು ಕೂರುತ್ತದೆ. ಮಾಮೂಲಿ ಸೆಲ್ಲೋಟೇಪಿನ ಗೋಂದು ಸೆಕೆಗೆ ಜಿನುಗಿ ಹೆಡ್ಡಿಗೆ ಮೆತ್ತಿಕೊಳ್ಳುತ್ತದೆ. ಆಮೇಲೆ ಎಲ್ಲರ ದನಿಯೂ ಮೂಗು ಕಟ್ಟಿದವರ ದನಿ. ಹತ್ತು ಸೆಕೆಂಡು ಬೇಕೆಂಬ ಆಸೆಗೆ 48 ಸೆಂ.ಮೀ. ತುರುಕಿದರೆ ಸಡಿಲ ಟೇಪು ರಬ್ಬರ್ ಉರುಳೆಗೆ ಸುತ್ತಿಕೊಂಡು, ಪೆಟ್ಟಿಗೆಯೇ ಸಾಕ್ಷಿಯನ್ನು ನುಂಗುತ್ತದೆ.

ಕಿರ್ ಎನ್ನುವ ಉರುಳೆಗೆ ಕೊಬ್ಬರಿ ಎಣ್ಣೆ ಬಿಡುವವರು ಪ್ರತಿ ಮನೆಯಲ್ಲೂ ಒಬ್ಬರಿರುತ್ತಾರೆ. ಅವರನ್ನು ದೂರವಿಡಿ. ಟೇಪು ಜಾರಿ, ಅತ್ತೆಯ ಗದರಿಕೆ ರಾಗಾಲಾಪನೆಯಾಗುತ್ತದೆ. ಉರುಳೆಗೆ ಒದ್ದೆ ಬಟ್ಟೆ, ಹೆಡ್ಡಿಗೆ ಸ್ಪಿರಿಟ್ಟಿನ ಹತ್ತಿ, ಅಷ್ಟೇ.

ದೊಡ್ಡ ತೊಂದರೆ ಬೇರೆಯೇ ಇದೆ. ಈ ರೆಕಾರ್ಡರ್‌ಗಳಲ್ಲಿ ದನಿಯನ್ನು ತಾನಾಗಿ ಏರಿಸಿ ಇಳಿಸುವ ಏರ್ಪಾಡಿರುತ್ತದೆ. ಮೌನದಲ್ಲಿ ಅದು ಕಿವಿ ಹಿಗ್ಗಿಸಿಕೊಂಡು ಫ್ಯಾನಿನ ಗರಗರವನ್ನು ಬಿರುಗಾಳಿ ಮಾಡುತ್ತದೆ. ಯಾರಾದರೂ ಗದರಿದರೆ ಗಪ್ಪನೆ ಕಿವಿ ಮುಚ್ಚಿ, ತೆರೆಯಲು ಹೊತ್ತು ಹಿಡಿಯುತ್ತದೆ. ಜಗಳದಲ್ಲಿ ಗದರಿಕೆಯ ಬೆನ್ನಿಗೇ ಮೆಲ್ಲಗೆ ಬರುವ ‘ಸರಿ, ನಂದೇ ತಪ್ಪು’ ಹೂತುಹೋಗುವುದು ಆ ಸಂದಿನಲ್ಲೇ.

ಗೆದ್ದ ವಾದವನ್ನು ಬೇರೆ ಕ್ಯಾಸೆಟ್ಟಿಗೆ ಇಳಿಸಿ ಜೋಪಾನ ಮಾಡುವವರು ಅದರ ಬೆನ್ನಿನ ಪ್ಲಾಸ್ಟಿಕ್ ಚಕ್ಕೆ ಮುರಿಯಬೇಕು, ಇಲ್ಲವೇ ಅದರ ಮೇಲೆ ಭಜನೆ ಕೂತೀತು. ಬಿಸಿ ಅಟ್ಟದಲ್ಲಂತೂ ಇಡಬೇಡಿ. ಸುತ್ತಿಟ್ಟ ಟೇಪಿನ ಒಂದು ಪದರದ ಕಾಂತತೆ ಪಕ್ಕದ ಪದರಕ್ಕೆ ಇಳಿದು, ಗಟ್ಟಿ ಮಾತಿಗೆ ತುಸು ಮೊದಲೇ ಅದರ ಮಸುಕು ದನಿ ಕೇಳಿಸುತ್ತದೆ. ಬೈಯುವ ಮೊದಲೇ ಬೈಗುಳದ ಪ್ರತಿಧ್ವನಿ! 120 ನಿಮಿಷ ಓಡುವ ಸಿ-120 ಕ್ಯಾಸೆಟ್ಟಿನ ತೆಳು ಟೇಪಿನಲ್ಲಿ ಈ ಭವಿಷ್ಯವಾಣಿ ಇನ್ನೂ ಸ್ಪಷ್ಟ.

ಕೊನೆಗೆ, ಪೆಟ್ಟಿಗೆ ಅಡುಗೆಮನೆಯ ಹತ್ತಿರ ಬೇಡ. ಕುಕ್ಕರ್ ಕೂಗಿದ ಗಳಿಗೆಯಲ್ಲೇ ಯಾರಾದರೂ ಪ್ಲೇ ಗುಂಡಿ ಒತ್ತಿ ಮರೆತರೆ, ಅದೇ ಒಂದು ಕೂಗು ಐದೈದು ಸೆಕೆಂಡಿಗೆ ಸುತ್ತಿ ಬರುತ್ತದೆ. ಬಚ್ಚಲಲ್ಲಿ ಕೂತು ಎಣಿಸುತ್ತಿದ್ದವರು ‘ನಾಲ್ಕಾಯ್ತು, ಆರಿಸೇ’ ಎನ್ನುತ್ತಾರೆ. ಒಲೆ ಆರುತ್ತದೆ, ಕೂಗು ನಿಲ್ಲುವುದಿಲ್ಲ. ಮುಚ್ಚಳ ತೆಗೆದರೆ ತೊಗರಿಬೇಳೆ ಒಂದೊಂದೂ ಇಟ್ಟಂತೆಯೇ ಇರುತ್ತದೆ.